ಹುಳುಗಳು ಸುಮ್ಮನಾಗುವ ದಾರಿ: ಕಾಫಿ ಕಣದಲ್ಲಿ ಗಲೀಷಿಯಾದ ಇರುಳ ಮೆರವಣಿಗೆ ಕಟ್ಟುವ ಬಗೆ

ಸ್ಪೇನ್ ದೇಶದ ವಾಯುವ್ಯ ಮೂಲೆಯ ಗಲೀಷಿಯಾದಲ್ಲಿ ಒಂದು ನಂಬಿಕೆ ಇದೆ. ನಡುರಾತ್ರಿ ದಾಟಿದ ಮೇಲೆ ಸತ್ತವರ ಮೆರವಣಿಗೆ ಊರ ದಾರಿಗಳಲ್ಲಿ ಹೊರಡುತ್ತದೆ. ಅದರ ಹೆಸರು ಸಾಂತಾ ಕಂಪಾನ್ಯ. ಎಸ್ತಾದೆಯಾ ಎಂದೂ ಕರೆಯುತ್ತಾರೆ. ಮುಂದೆ ನಡೆಯುವವನೊಬ್ಬ ಮಾತ್ರ ಬದುಕಿರುವ ಮನುಷ್ಯ, ಅದೇ ಊರಿನವನು. ಕೈಯಲ್ಲಿ ಶಿಲುಬೆ, ತೀರ್ಥದ ಪಾತ್ರೆ. ಬೆಳಗಾದರೆ ಅವನಿಗೆ ಯಾವುದೂ ನೆನಪಿರುವುದಿಲ್ಲ, ದಿನದಿಂದ ದಿನಕ್ಕೆ ಬಿಳುಚಿಕೊಂಡು ಸೊರಗುತ್ತಾನೆ. ಶಿಲುಬೆಯನ್ನು ಇನ್ನೊಬ್ಬನ ಕೈಗೆ ದಾಟಿಸಿದರೆ ಮಾತ್ರ ಅವನಿಗೆ ಬಿಡುಗಡೆ. ಹಿಂದೆ ಬರುವ ಆತ್ಮಗಳು ಹೆಚ್ಚಿನವರ ಕಣ್ಣಿಗೆ ಬೀಳುವುದಿಲ್ಲ. ಉರಿಯುವ ಮೇಣದ ವಾಸನೆ ಬರುತ್ತದೆ, ತಣ್ಣನೆ ಗಾಳಿ ಸುಳಿಯುತ್ತದೆ, ನಾಯಿಗಳು ಊಳಿಡುತ್ತವೆ. ಅಷ್ಟರಿಂದಲೇ ಬಂತೆಂದು ತಿಳಿದುಕೊಳ್ಳಬೇಕು.

ಈ ಕಥೆಯನ್ನು ಸದ್ದಿನಲ್ಲಿ ಹೇಳಹೊರಟವರು ಸಾಮಾನ್ಯವಾಗಿ ನರಳುವ ದನಿ, ಚರ್ಚಿನ ಗಂಟೆ, ಉದ್ದನೆಯ ಪ್ರತಿಧ್ವನಿ ಎಲ್ಲವನ್ನೂ ಒಂದರ ಮೇಲೊಂದು ಹೇರುತ್ತಾರೆ. ಕಣ್ಣಿಗೆ ಕಾಣದ ಮೆರವಣಿಗೆಗೆ ಅಷ್ಟೊಂದು ವೇಷ ಹಾಕಿದರೆ ಅದು ಜಾತ್ರೆಯ ಭೂತಬಂಗಲೆಯಾಗುತ್ತದೆ. ಕೊಡಗಿನ ಇರುಳಿನಲ್ಲಿ ಇದಕ್ಕಿಂತ ಒಳ್ಳೆಯ ಸಾಮಗ್ರಿ ಕಾಲಬುಡದಲ್ಲೇ ಇದೆ. ಅಕ್ಟೋಬರಿನ ರಾತ್ರಿ ಕಾಫಿ ತೋಟದ ಕಾಲುದಾರಿಯಲ್ಲಿ ನಡೆದವರಿಗೆಲ್ಲ ಗೊತ್ತು: ನೀವು ಹೋದಲ್ಲೆಲ್ಲ ಜೀರುಂಡೆಗಳು ಬಾಯಿ ಮುಚ್ಚುತ್ತವೆ, ದಾಟಿ ಹೋದ ಮೇಲೆ ಒಂದೊಂದಾಗಿ ಮತ್ತೆ ಹಿಡಿದುಕೊಳ್ಳುತ್ತವೆ. ದೂರದಲ್ಲಿ ಕೂತು ಕೇಳುವವನಿಗೆ, ಸದ್ದಿನ ಕಂಬಳಿಯಲ್ಲಿ ಒಂದು ತೂತು ನಡೆದುಹೋದ ಹಾಗೆ ಕೇಳುತ್ತದೆ. ಯಾರೂ ಕಾಣುವುದಿಲ್ಲ, ಯಾರೋ ಹೋದರೆಂದು ಮಾತ್ರ ತಿಳಿಯುತ್ತದೆ. ಆ ತೂತನ್ನು ರೆಕಾರ್ಡ್ ಮಾಡಿ, ಆರು ಸ್ಪೀಕರುಗಳ ಸಾಲಿನಲ್ಲಿ ಮತ್ತೆ ನಡೆಸುವುದೇ ಇಲ್ಲಿಯ ಕೆಲಸ.

ಕೆಲಸ ಶುರುಮಾಡುವ ಮೊದಲು ಒಂದು ಮಾತು. ಸತ್ತವರ ಕಥೆ ಎಂದಾಕ್ಷಣ ಇಲ್ಲಿಯ ಕಾರಣವರನ್ನು, ಅಂದರೆ ಮನೆತನದ ಗತಿಸಿದ ಹಿರಿಯರನ್ನು, ಇದರೊಳಗೆ ಎಳೆದು ತರಬೇಡಿ. ಕೊಡವರ ಗುರುಕಾರಣವರು ಕೈಮಡ ಎಂಬ ಪುಟ್ಟ ಗುಡಿಯಲ್ಲಿ ನೆಲೆ ಪಡೆದವರು, ಎಡೆ ಇಟ್ಟು ನೆನೆಯಬೇಕಾದವರು, ಮನೆಯನ್ನು ಕಾಯುವವರು. ದಾರಿ ತಪ್ಪಿ ಅಲೆಯುವ ಗಲೀಷಿಯಾದ ಆತ್ಮಗಳಿಗೂ ಅವರಿಗೂ ಹೋಲಿಕೆ ಇಲ್ಲ. ದುಡಿಯ ಬಡಿತ, ಕೊಂಬಿನ ದನಿ, ತೆರೆ ಎಂಬ ದೈವದ ಕುಣಿತದ ರಾತ್ರಿಯ ಸದ್ದು ಇವನ್ನು ಕತ್ತರಿಸಿ ಅಂಟಿಸಿದರೆ ಕೇಳುವ ಹಿರಿಯರಿಗೆ ನೋವಾಗುತ್ತದೆ, ನೋವಾಗಬೇಕಾದದ್ದೇ. ದೇವರಕಾಡಿನೊಳಗೆ ರಾತ್ರಿ ಮೈಕ್ ಇಡುವುದೂ ಬೇಡ. ಕಥೆ ಗಲೀಷಿಯಾದ್ದೇ ಆಗಿರಲಿ, ರಾತ್ರಿ ಮಾತ್ರ ನಮ್ಮದಿರಲಿ.

ಯಾವಾಗ, ಎಲ್ಲಿ

ರೆಕಾರ್ಡಿಂಗ್ ಒಂದು ಕಾಲದಲ್ಲಿ, ಪ್ರದರ್ಶನ ಇನ್ನೊಂದು ಕಾಲದಲ್ಲಿ. ಇದನ್ನು ಗಟ್ಟಿಯಾಗಿ ಹಿಡಿದುಕೊಳ್ಳಿ.

ರೆಕಾರ್ಡಿಂಗಿಗೆ ಅಕ್ಟೋಬರ್ ಕೊನೆ, ನವೆಂಬರ್ ಮೊದಲು ಸರಿ. ಮುಂಗಾರಿನ ಮಳೆ ಬಿಟ್ಟಿರುತ್ತದೆ, ಹಸಿ ಇರುತ್ತದೆ, ಹುಳುಗಳು ತುಂಬಿರುತ್ತವೆ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ಎಲೆಯಿಂದ ತೊಟ್ಟಿಕ್ಕುವ ನೀರೇ ಎಲ್ಲವನ್ನೂ ನುಂಗುತ್ತದೆ. ಮಳೆ ನಿಂತ ಮೇಲೂ ಮರ ಗಂಟೆಗಟ್ಟಲೆ ಸುರಿಸುತ್ತಿರುತ್ತದೆ. ಆಗ ಕಪ್ಪೆಗಳ ಸದ್ದು ಸಿಗುತ್ತದೆ, ನಮಗೆ ಬೇಕಾದ ತೂತು ಸಿಗುವುದಿಲ್ಲ.

ಪ್ರದರ್ಶನಕ್ಕೆ ಮಾರ್ಚ್. ರೊಬಸ್ಟಾ ಕಾಫಿಯ ಕೊಯ್ಲು ಮುಗಿದು, ಕಾಫಿ ಒಣಗಿಸುವ ಕಣ ಖಾಲಿಯಾಗಿರುತ್ತದೆ, ಒಣಹವೆಯಲ್ಲಿ ನಿಜವಾದ ಹುಳುಗಳ ಗದ್ದಲ ಕಡಿಮೆ ಇರುತ್ತದೆ. ಅದು ಯಾಕೆ ಮುಖ್ಯವೆಂದರೆ, ಸ್ಪೀಕರಿನ ಹುಳು ಸುಮ್ಮನಾದಾಗ ಸುತ್ತಲಿನ ನಿಜವಾದ ಹುಳು ಸುಮ್ಮನಾಗುವುದಿಲ್ಲ. ನವೆಂಬರಿನಲ್ಲೇ ಪ್ರದರ್ಶನ ಇಟ್ಟರೆ ನೀವು ಕಷ್ಟಪಟ್ಟು ಕೊರೆದ ತೂತನ್ನು ತೋಟದ ಹುಳುಗಳು ಕ್ಷಣದಲ್ಲಿ ತುಂಬಿಬಿಡುತ್ತವೆ. ಮಾರ್ಚಿನ ತೊಂದರೆಗಳು ಎರಡು. ಕಾಫಿ ಹೂ ಅರಳಿಸುವ ಹೂಮಳೆ ಯಾವ ಸಂಜೆ ಬೇಕಾದರೂ ಬರಬಹುದು, ಟಾರ್ಪಾಲು ಪಕ್ಕದಲ್ಲೇ ಇರಲಿ. ಇನ್ನೊಂದು, ಹೂವಿಗೆಂದು ಸ್ಪ್ರಿಂಕ್ಲರ್ ಓಡಿಸುವ ಡೀಸೆಲ್ ಪಂಪು. ಕಣಿವೆಯ ಆಚೆ ಬದಿಯ ಪಂಪಿನ ಸದ್ದೂ ರಾತ್ರಿ ಸಲೀಸಾಗಿ ಬಂದು ಬೀಳುತ್ತದೆ. ಅಕ್ಕಪಕ್ಕದ ತೋಟದ ರೈಟರನ್ನು (ಲೆಕ್ಕ, ಕೆಲಸ ನೋಡಿಕೊಳ್ಳುವವರನ್ನು) ಕೇಳಿ, ಅವರ ಸರದಿ ಇಲ್ಲದ ರಾತ್ರಿಯನ್ನೇ ಗೊತ್ತುಮಾಡಿ.

ಜಾಗ ಯಾವತ್ತೂ ಖಾಸಗಿ ತೋಟ, ಮಾಲೀಕರ ಒಪ್ಪಿಗೆಯಿಂದ. ಕಾಡಿನೊಳಗೆ ರಾತ್ರಿ ಹೋಗುವ ಮಾತೇ ಇಲ್ಲ. ತೋಟದಲ್ಲೂ ಆ ದಿನ ಆನೆ ಎಲ್ಲಿದೆ ಎಂದು ಲೈನ್‌ಮನೆಗಳಲ್ಲಿರುವ ತೋಟದ ಕೆಲಸಗಾರರನ್ನು ವಿಚಾರಿಸದೆ ಹೆಜ್ಜೆ ಇಡಬೇಡಿ. ಹಸಿ ಲದ್ದಿ ಅಥವಾ ಹೊಸದಾಗಿ ಮುರಿದ ಬೈನೆ ಮರ ಕಂಡರೆ ಆ ರಾತ್ರಿಯ ಕೆಲಸ ಬಿಟ್ಟುಬಿಡಿ. ಹೆಡ್‌ಫೋನ್ ಹಾಕಿಕೊಂಡು ಒಬ್ಬರೇ ಕೂರುವುದು ಎಲ್ಲಕ್ಕಿಂತ ಅಪಾಯ: ಕಿವಿ ಮೈಕಿನ ಕಡೆ ಇರುವಾಗ ಬೆನ್ನ ಹಿಂದಿನದು ತಿಳಿಯುವುದಿಲ್ಲ. ಇಬ್ಬರಿರಲಿ, ಒಬ್ಬರ ಕಿವಿ ಖಾಲಿ ಇರಲಿ. ಗಂಬೂಟು, ಟಾರ್ಚು, ಜಿಗಣೆಗೆ ಉಪ್ಪಿನ ಗಂಟು ಜೊತೆಗಿರಲಿ.

ತೋಟದಲ್ಲಿ ಹಳೆಯ ಕಡಂಗ, ಅಂದರೆ ಹಿಂದಿನವರು ತೋಡಿದ ಉದ್ದನೆಯ ಕಂದಕ, ಇದ್ದರೆ ನಿಮ್ಮ ಪುಣ್ಯ. ಗಲೀಷಿಯಾದಲ್ಲಿ ಕೊರ್ರೆದೊಯ್ರಾ ಎಂಬ ಗಾಡಿದಾರಿಗಳಿವೆ. ನೂರಾರು ವರ್ಷ ಚಕ್ರ ಸವೆದು ನೆಲದೊಳಗೆ ಇಳಿದು, ಎರಡೂ ಬದಿಗೆ ದಿಬ್ಬ, ಕಲ್ಲುಗೋಡೆ. ಮೆರವಣಿಗೆ ಬರುವುದು ಇಂಥ ದಾರಿಯಲ್ಲೇ ಎಂದು ಅಲ್ಲಿಯ ಕಥೆಗಳು ಹೇಳುತ್ತವೆ. ನಮ್ಮ ಕಡಂಗವನ್ನು ತೋಡಿದ್ದು ಕಾವಲಿಗೆ, ಗಡಿಗೆ. ಆದರೂ ಸದ್ದಿನ ಮಟ್ಟಿಗೆ ಎರಡೂ ಒಂದೇ ಗುಣದವು. ದೂರದ ರಸ್ತೆಯ ಸದ್ದು ದಿಬ್ಬದ ಮೇಲಿಂದಲೇ ಹಾದುಹೋಗುತ್ತದೆ, ಗಾಳಿ ಒಳಗೆ ಇಳಿಯುವುದಿಲ್ಲ, ಹತ್ತಿರದ ಹುಳು ಮತ್ತು ಹೆಜ್ಜೆ ಮಾತ್ರ ಸ್ಪಷ್ಟವಾಗಿ ಉಳಿಯುತ್ತವೆ.

ತೂತನ್ನು ಹಿಡಿಯುವುದು

ಬೇಕಾದದ್ದು ನಾಲ್ಕು ಮೈಕ್, ಅಂದರೆ ಎರಡು ಸ್ಟೀರಿಯೋ ರೆಕಾರ್ಡರು. ಹುಳುಗಳ ಸದ್ದು ಜೋರಾದದ್ದು, ಅದಕ್ಕೆ ಯಾವ ಮೈಕಾದರೂ ನಡೆಯುತ್ತದೆ ಅಂದುಕೊಳ್ಳುವುದು ಸಹಜ. ಆದರೆ ತೂತು ಬಂದಾಗ ಉಳಿಯುವುದು ಮೈಕಿನ ಸ್ವಂತ ಸುಂಯ್‌ಗುಡುವಿಕೆ. ಅದು ಜಾಸ್ತಿ ಇದ್ದರೆ ಮೌನದ ಜಾಗದಲ್ಲಿ ಗ್ಯಾಸ್ ಸೋರಿದಂತೆ ಕೇಳುತ್ತದೆ, ಇಡೀ ಕೆಲಸ ಅಲ್ಲಿಗೆ ಮುಗಿಯಿತು. ಪ್ರೈಮೋ ಇಎಂ272 ಎಂಬ ಸಣ್ಣ ಮೈಕ್ ಕ್ಯಾಪ್ಸೂಲಿನ ಸ್ವಂತ ಸದ್ದು ಸುಮಾರು 14 ಡೆಸಿಬೆಲ್ ಮಾತ್ರ, ರೆಕಾರ್ಡರಿನ 3.5 ಮಿಲಿಮೀಟರ್ ಸಾಕೆಟ್ಟಿನ ಪ್ಲಗ್‌ಇನ್ ಪವರಿನಲ್ಲೇ ಓಡುತ್ತದೆ. ಬೆಸುಗೆ ಹಾಕಲು ಬರುವವರು ಇದರಲ್ಲೇ ನಾಲ್ಕು ಮಾಡಿಕೊಳ್ಳಿ.

ಸೆಟ್ಟಿಂಗು 48 ಕಿಲೋಹರ್ಟ್ಸ್, 24 ಬಿಟ್, ವೇವ್ ಫೈಲು. ಸ್ಟೀರಿಯೋದಲ್ಲಿ ಗಂಟೆಗೆ ಒಂದು ಜಿಬಿಗಿಂತ ಸ್ವಲ್ಪ ಹೆಚ್ಚು ಜಾಗ ಹಿಡಿಯುತ್ತದೆ, 32 ಜಿಬಿ ಕಾರ್ಡು ಧಾರಾಳ ಸಾಕು. ಹುಳುಗಳ ಸದ್ದಿನ ತುತ್ತತುದಿ ಮೈನಸ್ 18 ಡೆಸಿಬೆಲ್ಲಿನ ಆಸುಪಾಸಿನಲ್ಲಿ ನಿಲ್ಲುವಂತೆ ಗೇನ್ (ಸದ್ದು ಹಿಗ್ಗಿಸುವ ಮಟ್ಟ) ಇಟ್ಟು, ಆಮೇಲೆ ಮುಟ್ಟಬೇಡಿ. ಆಟೋ ಲೆವೆಲ್ ಕಡ್ಡಾಯವಾಗಿ ಆಫ್ ಆಗಿರಬೇಕು. ಇಲ್ಲದಿದ್ದರೆ ಹುಳು ಸುಮ್ಮನಾದ ತಕ್ಷಣ ರೆಕಾರ್ಡರು ತಾನೇ ಗೇನ್ ಏರಿಸಿ ತೂತನ್ನು ಮುಚ್ಚಿಬಿಡುತ್ತದೆ.

ಮೈಕುಗಳನ್ನು ದಾರಿಯ ಒಂದೇ ಬದಿಗೆ, ಮೊಣಕಾಲೆತ್ತರಕ್ಕೆ, 5 ಮೀಟರಿಗೊಂದರಂತೆ ಕಾಫಿ ಗಿಡದ ಕಾಂಡಕ್ಕೆ ಕಟ್ಟಿ. ಎಲೆ ತಾಗದಂತೆ ನೋಡಿಕೊಳ್ಳಿ. ಗಾಳಿ ತಡೆಯಲು ಮೈಕಿಗೆ ಹೊದಿಸಿದ ತುಪ್ಪಳಕ್ಕೆ ಒಂದು ಎಲೆ ಉಜ್ಜಿದರೂ ರಾತ್ರಿಯಿಡೀ ಪೊರಕೆ ಆಡಿಸಿದಂತೆ ಕೇಳುತ್ತದೆ. ಮೇಲೆ ಒಂದು ಗೇಣು ಎತ್ತರದಲ್ಲಿ ತೆಂಗಿನ ನಾರಿನ ಚಾಪೆಯ ತುಂಡನ್ನು ಇಳಿಜಾರಾಗಿ ಕಟ್ಟಿ. ಸಿಲ್ವರ್ ಓಕ್‌ನಿಂದ ಬೀಳುವ ಮಂಜಿನ ಹನಿ ಪ್ಲಾಸ್ಟಿಕ್ಕಿನ ಮೇಲೆ ಬಿದ್ದರೆ ಟಪ್ ಎನ್ನುತ್ತದೆ, ನಾರಿನ ಮೇಲೆ ಬಿದ್ದರೆ ಸದ್ದೇ ಇಲ್ಲ.

ಸಂಜೆ 6ಕ್ಕೆ ಮೈಕ್ ಕಟ್ಟಿ, 8ರವರೆಗೆ ಸುಮ್ಮನೆ ಬಿಡಿ. ಹೊರಗಿನ ತಂಪಿಗೆ ಅವು ಹೊಂದಿಕೊಳ್ಳಬೇಕು, ಕಲಕಿದ ಹುಳುಗಳು ಮತ್ತೆ ಕೂರಬೇಕು. ಎಲ್ಲ ರೆಕಾರ್ಡರೂ ಓಡುತ್ತಿರುವಾಗ ಸಾಲಿನ ನಡುವೆ ನಿಂತು ಒಂದು ಚಪ್ಪಾಳೆ ಹೊಡೆಯಿರಿ, ಕೊನೆಯಲ್ಲಿ ಇನ್ನೊಂದು. ಎರಡು ರೆಕಾರ್ಡರುಗಳ ಗಡಿಯಾರ ಗಂಟೆಗೆ ಸೆಕೆಂಡಿನ ಹತ್ತನೇ ಒಂದು ಪಾಲಿನಷ್ಟು ಹಿಂದುಮುಂದಾಗುವುದು ಮಾಮೂಲು. ಎರಡು ಚಪ್ಪಾಳೆ ಇದ್ದರೆ ಸರಿಹೊಂದಿಸಬಹುದು.

ಚಪ್ಪಾಳೆಯ ನಂತರ 30 ನಿಮಿಷ ದೂರ ಹೋಗಿ ಕೂತಿರಿ. ಆಮೇಲೆ ಒಬ್ಬರು ಸಾಲಿನ ಒಂದು ತುದಿಯಿಂದ ಇನ್ನೊಂದು ತುದಿಗೆ, ಎರಡು ಸೆಕೆಂಡಿಗೊಂದು ಹೆಜ್ಜೆಯಂತೆ ನಡೆಯಿರಿ. ಟಾರ್ಚನ್ನು ನೆಲಕ್ಕೆ ಹಿಡಿಯಿರಿ, ಮಾತು ಬೇಡ. ದಾಟಿದ ಮೇಲೆ ನಿಲ್ಲದೆ ದೂರ ಹೋಗಿಬಿಡಿ. ಹುಳುಗಳು ಪೂರ್ತಿ ವಾಪಸು ಹಿಡಿದುಕೊಳ್ಳುವವರೆಗೆ, ಅಂದರೆ ಕನಿಷ್ಠ 20 ನಿಮಿಷ, ರೆಕಾರ್ಡಿಂಗ್ ಓಡುತ್ತಿರಲಿ. ಹೀಗೆ ಒಂದು ರಾತ್ರಿಗೆ ಮೂರು ನಡಿಗೆ ಸಾಕು. ಅದಕ್ಕಿಂತ ಹೆಚ್ಚು ನಡೆದರೆ ಹುಳುಗಳು ಸುಮ್ಮನೇ ಇದ್ದುಬಿಡುತ್ತವೆ.

ಈ ರೆಕಾರ್ಡಿಂಗನ್ನು ಹೆಡ್‌ಫೋನಿನಲ್ಲಿ ಸೂಕ್ಷ್ಮವಾಗಿ ಕೇಳಿ, ಯಾಕೆಂದರೆ ನಂತರದ ಎಡಿಟಿಂಗ್ ಪೂರ್ತಿ ನಿಂತಿರುವುದು ಇದರ ಮೇಲೆ. ಜೀರುಂಡೆಯ ಹಿಂಬದಿಯಲ್ಲಿರುವ ಎರಡು ಬಾಲದಂಥ ಎಳೆಗಳ ಮೇಲಿನ ರೋಮಗಳು ಗಾಳಿಯ ಅಲುಗಾಟವನ್ನು ಹಿಡಿಯುತ್ತವೆ, ಕಾಲುಗಳು ನೆಲದ ಕಂಪನವನ್ನು ಹಿಡಿಯುತ್ತವೆ. ಅದಕ್ಕೇ ಹತ್ತಿರದ್ದು ಅರ್ಧ ಚಿಲಿಪಿಲಿಯಲ್ಲೇ ಕತ್ತರಿಸಿದಂತೆ ನಿಲ್ಲುತ್ತದೆ. ಮೂರು ಮೀಟರ್ ಆಚೆಯದ್ದು ಇನ್ನೆರಡು ಸಲ ಕೂಗಿ ನಿಲ್ಲುತ್ತದೆ. ಮರದ ಮೇಲಿನದ್ದು ನಿಲ್ಲುವುದೇ ಇಲ್ಲ. ವಾಪಸು ಬರುವಾಗ ಒಂದೇ ಒಂದು ಹುಳು ಮೊದಲು ಕೆಮ್ಮಿದಂತೆ ಒಂದು ತುಣುಕು ಸದ್ದು ಮಾಡಿ ತಡೆಯುತ್ತದೆ; ಸ್ವಲ್ಪ ಹೊತ್ತಿಗೆ ಇನ್ನೊಂದು ತುಣುಕು; ಆಮೇಲೆ ಪಕ್ಕದ್ದು ಸೇರಿಕೊಳ್ಳುತ್ತದೆ.

ಗಾಡಿಯ ಹಾಡು

ಮೆರವಣಿಗೆಯ ಹಿಂದೆ ದೂರದಲ್ಲಿ ಒಂದೇ ಒಂದು ಸದ್ದು ಇರಲಿ: ಗಲೀಷಿಯಾದ ಎತ್ತಿನಗಾಡಿಯದು. ನಮ್ಮ ಗಾಡಿಯಲ್ಲಿ ಅಚ್ಚು ನಿಂತಿರುತ್ತದೆ, ಚಕ್ರ ತಿರುಗುತ್ತದೆ, ಕೀಲೆಣ್ಣೆ ಹಾಕಿ ಸದ್ದಡಗಿಸುತ್ತೇವೆ. ಅಲ್ಲಿಯ ಹಳೆಯ ಗಾಡಿಯಲ್ಲಿ ಅಚ್ಚು ಚಕ್ರದ ಜೊತೆಗೇ ತಿರುಗುತ್ತದೆ. ಮರಕ್ಕೆ ಮರ ಉಜ್ಜಿ ಕಿರ್ರೆನ್ನುವ ಆ ಕೂಗನ್ನು ಅವರು ಗಾಡಿಯ ಹಾಡು ಎಂದೇ ಕರೆದರು, ಚೆನ್ನಾಗಿ ಹಾಡುವ ಗಾಡಿ ರೈತನಿಗೆ ಹೆಮ್ಮೆ. ಇಕ್ಕಟ್ಟಿನ ದಾರಿಯಲ್ಲಿ ಎದುರಿನವರಿಗೆ ಅದೇ ಎಚ್ಚರಿಕೆಯೂ ಆಗಿತ್ತು.

ಇದನ್ನು ಕೊಟ್ಟಿಗೆಯಲ್ಲೇ ಮಾಡಬಹುದು. ಒಣಗಿದ ಗಟ್ಟಿಮರದ ಒಂದು ದುಂಡನೆಯ ಕೋಲು, 4 ಸೆಂಟಿಮೀಟರ್ ದಪ್ಪ, 60 ಸೆಂಟಿಮೀಟರ್ ಉದ್ದ. ಹಲಸಿನ ಮರದ ಎರಡು ದಿಮ್ಮಿಗಳಲ್ಲಿ ಅರ್ಧಚಂದ್ರದ ಕಚ್ಚು ಕೊರೆದು ಕೋಲನ್ನು ಅದರಲ್ಲಿ ಕೂರಿಸಿ. ಒಂದು ತುದಿಗೆ ಅಡ್ಡಪಟ್ಟಿ ಬಡಿದು ಹಿಡಿಕೆ ಮಾಡಿ. ಕೋಲಿನ ನಡುವಿಗೆ ಒಂದು ಹಗ್ಗದ ಕುಣಿಕೆ ಸಡಿಲವಾಗಿ ಹಾಕಿ, ಕೆಳಗೆ 5 ಕಿಲೋದಷ್ಟು ಕಲ್ಲು ತೂಗಿಬಿಡಿ. ಕಚ್ಚಿಗೆ ಪಿಟೀಲಿನ ಕಮಾನಿಗೆ ಹಚ್ಚುವ ರಾಳವನ್ನು ಪುಡಿಮಾಡಿ ಉದುರಿಸಿ ನಿಧಾನಕ್ಕೆ ತಿರುಗಿಸಿ. ಅಂಟಿಕೊಂಡು ಜಾರಿ, ಮತ್ತೆ ಅಂಟಿಕೊಂಡು ಜಾರುವುದರಿಂದ ಹುಟ್ಟುವ ಕೂಗು ಇದು. ಸದ್ದು ಬರುತ್ತಿಲ್ಲವೆಂದರೆ ಒಂದೋ ಮರ ಹಸಿ ಇದೆ, ಇಲ್ಲವೇ ಎಣ್ಣೆ ತಾಗಿದೆ, ಇಲ್ಲವೇ ವೇಗ ಜಾಸ್ತಿಯಾಗಿ ಅಂಟಿಕೊಳ್ಳಲು ಪುರುಸೊತ್ತೇ ಸಿಗುತ್ತಿಲ್ಲ. ಕಲ್ಲಿನ ತೂಕ ಏರಿಸಿ ಇಳಿಸಿ ದನಿ ಹುಡುಕಿ.

ದಿಮ್ಮಿಯ ಮೈಗೆ 27 ಮಿಲಿಮೀಟರಿನ ಪೀಜೋ ಬಿಲ್ಲೆಯನ್ನು (ಕಂಪನವನ್ನು ಕರೆಂಟಾಗಿ ಮಾರ್ಪಡಿಸುವ ಬಿಲ್ಲೆ) ಅಂಟುಟೇಪಿನಿಂದ ಒತ್ತಿ ಕೂರಿಸಿ ರೆಕಾರ್ಡ್ ಮಾಡಿ. ಬಿಲ್ಲೆಯನ್ನು ನೇರವಾಗಿ ಮೈಕಿನ ಸಾಕೆಟ್ಟಿಗೆ ಕೊಟ್ಟರೆ ಡಬ್ಬಿ ಬಡಿದಂತೆ ತೆಳುವಾಗಿ ಕೇಳುತ್ತದೆ. ಮೈಕ್ ಇನ್‌ಪುಟ್ಟಿನ ಪ್ರತಿರೋಧ ಒಂದೆರಡು ಕಿಲೋ ಓಮ್ ಅಷ್ಟೇ. ಅಷ್ಟಕ್ಕೆ ಸೇರಿಸಿದರೆ ಸುಮಾರು 4 ಕಿಲೋಹರ್ಟ್ಸ್‌ಗಿಂತ ಕೆಳಗಿನ ಸದ್ದೆಲ್ಲ ಇಳಿದುಹೋಗುತ್ತದೆ. ಗಿಟಾರಿಗೆ ಬಳಸುವ ಡಿಐ ಬಾಕ್ಸ್, 1 ಮೆಗಾ ಓಮ್ ಅಥವಾ ಹೆಚ್ಚಿನದು, ನಡುವೆ ಹಾಕಿದರೆ ಮರದ ಹೊಟ್ಟೆಯ ದನಿ ಪೂರ್ತಿ ಬರುತ್ತದೆ. ಬಿಲ್ಲೆಗೆ ತಂತಿ ಬೆಸೆಯುವಾಗ ನಡುವಿನ ಬಿಳಿ ಭಾಗಕ್ಕೆ ಕಾವು ಎರಡು ಸೆಕೆಂಡ್ ಮೀರಬಾರದು, ಬೆಳ್ಳಿಯ ಪದರ ಎದ್ದುಬರುತ್ತದೆ.

ಎಡಿಟಿಂಗ್

ಎಡಿಟಿಂಗ್ ಸಾಫ್ಟ್‌ವೇರು ರೀಪರ್ ಆಗಲಿ, ಆಡಾಸಿಟಿ ಆಗಲಿ, ಆರು ಟ್ರ್ಯಾಕ್ ಇಟ್ಟರೆ ಸಾಕು, ಸ್ಪೀಕರಿಗೊಂದು. ಪ್ರತಿ ಟ್ರ್ಯಾಕಿನಲ್ಲಿ ಎರಡು ಪದರ ಇರಬೇಕು. ಒಂದು ಹತ್ತಿರದ ಹುಳುಗಳದ್ದು, ನಾಲ್ಕು ಮೈಕುಗಳ ಬೇರೆ ಬೇರೆ ನಿಮಿಷಗಳಿಂದ ಆಯ್ದದ್ದು. ಇನ್ನೊಂದು ದೂರದ ಹಾಸು, ಅಂದರೆ ದೂರದ ಹುಳುಗಳ ಒಟ್ಟು ಸದ್ದು, ಸುಮಾರು 20 ಡೆಸಿಬೆಲ್ ತಗ್ಗಿನಲ್ಲಿ, ಯಾವಾಗಲೂ ಓಡುವಂಥದ್ದು. ತೂತು ಬರುವುದು ಹತ್ತಿರದ ಪದರದಲ್ಲಿ ಮಾತ್ರ. ಎರಡನ್ನೂ ಇಳಿಸಿದರೆ ಕರೆಂಟು ಹೋದಂತೆ ಕೇಳುತ್ತದೆ, ಜನ ಸ್ಪೀಕರಿನ ಕಡೆ ತಿರುಗಿ ನೋಡುತ್ತಾರೆ.

ಹತ್ತಿರದ ಪದರಕ್ಕೆ ಫೇಡ್ ಎಳೆಯಬೇಡಿ. ಹುಳು ಮೆಲ್ಲಗಾಗುವುದಿಲ್ಲ, ನಿಲ್ಲುತ್ತದೆ. ಸಾಧ್ಯವಾದಷ್ಟೂ ನಿಜವಾಗಿ ಸಿಕ್ಕ ನಿಲುಗಡೆಯನ್ನೇ ಬಳಸಿ. ಹೊಲಿಗೆ ಹಾಕಲೇಬೇಕಾದರೆ ಒಂದೊಂದು ಹುಳುವಿನ ಕೂಗು ಮುಗಿದ ಜಾಗದಲ್ಲಿ ಕತ್ತರಿಸಿ. ಮೊದಲ ಸ್ಪೀಕರಿನಿಂದ ಎರಡನೆಯದಕ್ಕೆ ತೂತು ಮುಂದುವರಿಯಲು 8 ಸೆಕೆಂಡ್ ಕೊಡಿ. ಸ್ಪೀಕರುಗಳ ನಡುವೆ 4 ಮೀಟರ್ ಇದ್ದರೆ ಅದು ಸೆಕೆಂಡಿಗೆ ಅರ್ಧ ಮೀಟರಿನ ನಡಿಗೆ, ಮೆರವಣಿಗೆಯ ನಡಿಗೆ. ಪ್ರತಿ ಸ್ಪೀಕರಿನಲ್ಲಿ ಮೌನ 40ರಿಂದ 60 ಸೆಕೆಂಡ್, ವಾಪಸಾತಿ 4ರಿಂದ 6 ನಿಮಿಷ. ಆರರಲ್ಲೂ ಒಂದೇ ಅಳತೆ ಇಡಬೇಡಿ.

ಒಂದು ತಪ್ಪು ಎಲ್ಲರ ಕೈಯಲ್ಲೂ ಆಗುತ್ತದೆ: ರಾತ್ರಿ 8ರ ತುಣುಕಿಗೆ ಬೆಳಗಿನ ಜಾವ 3ರ ತುಣುಕನ್ನು ಅಂಟಿಸುವುದು. ಜೀರುಂಡೆಯ ಕೂಗಿನ ವೇಗ ಹವೆಯ ಕಾವಿನ ಮೇಲೆ ನಿಂತಿದೆ. ಅಮೆರಿಕದ ಭೌತವಿಜ್ಞಾನಿ ಅಮೋಸ್ ಡಾಲ್ಬೇರ್ 1897ರಲ್ಲೇ ಇದನ್ನು ಲೆಕ್ಕದ ಸೂತ್ರವಾಗಿ ಬರೆದಿಟ್ಟ. ಜಾವದ ಚಳಿಗೆ ಅದೇ ಹುಳು ನಿಧಾನವಾಗಿರುತ್ತದೆ. ಕಾರಣ ತಿಳಿಯದಿದ್ದರೂ ಕೇಳುಗನ ಕಿವಿಗೆ ಹೊಲಿಗೆ ಎದ್ದು ಕಾಣುತ್ತದೆ. ಅರ್ಧ ಗಂಟೆಯೊಳಗಿನ ತುಣುಕುಗಳನ್ನೇ ಜೋಡಿಸಿ.

ಒಟ್ಟು 40 ನಿಮಿಷ. ಮೊದಲ 12 ನಿಮಿಷ ಏನೂ ಆಗಬಾರದು; ಕಿವಿ ಅದನ್ನು ನಿಜವಾದ ರಾತ್ರಿ ಎಂದು ನಂಬಲು ಅಷ್ಟು ಹೊತ್ತು ಬೇಕು. 13ನೇ ನಿಮಿಷಕ್ಕೆ ಮೊದಲ ನಡಿಗೆ, 26ನೇ ನಿಮಿಷಕ್ಕೆ ಎದುರು ದಿಕ್ಕಿನಿಂದ ಎರಡನೆಯದು. ಗಾಡಿಯ ಹಾಡು ಎರಡನೆಯ ನಡಿಗೆಯಲ್ಲಿ ಮಾತ್ರ, 30 ಸೆಕೆಂಡಿಗಿಂತ ಹೆಚ್ಚು ಬೇಡ. ಗಂಟೆ ಬಾರಿಸಲೇಬೇಕೆಂದಿದ್ದರೆ ಒಂದು ಸಲ. ನಮ್ಮ ಅಭಿಪ್ರಾಯದಲ್ಲಿ ಅದಿಲ್ಲದೆಯೂ ನಡೆಯುತ್ತದೆ.

ಕಣದಲ್ಲಿ ಹೂಡುವುದು

ಆರು ಚಾನೆಲ್ಲಿನ ದುಬಾರಿ ಇಂಟರ್‌ಫೇಸ್ ಬೇಕಿಲ್ಲ. ವೇವ್ ಓಡಿಸುವ ಮೂರು ಸಾದಾ ಸ್ಟೀರಿಯೋ ಪ್ಲೇಯರುಗಳನ್ನು ಒಂದೆರಡು ಸೆಕೆಂಡಿನ ಅಂತರದಲ್ಲಿ ಒತ್ತಿದರೆ ಸಾಕು. 8 ಸೆಕೆಂಡಿನ ನಡಿಗೆಯಲ್ಲಿ ಆ ಏರುಪೇರು ಯಾರಿಗೂ ತಿಳಿಯುವುದಿಲ್ಲ. ಎಂಪಿ3 ಮಾತ್ರ ಬೇಡ: ದಟ್ಟವಾದ ಹುಳುಗಳ ಸದ್ದನ್ನು ಅದು ನೀರಿನೊಳಗಿನಿಂದ ಬಂದಂತೆ ಕಲಸಿಬಿಡುತ್ತದೆ.

ಮೂರು ಸಣ್ಣ 12 ವೋಲ್ಟಿನ ಸ್ಟೀರಿಯೋ ಆಂಪ್ಲಿಫೈಯರ್ ಬೋರ್ಡು, ಆರು 4 ಇಂಚಿನ ಫುಲ್‌ರೇಂಜ್ ಸ್ಪೀಕರು, 12 ವೋಲ್ಟ್ 7 ಆಂಪಿಯರ್‌ಗಂಟೆಯ ಎರಡು ಬ್ಯಾಟರಿ. ವೈರು 1 ಚದರ ಮಿಲಿಮೀಟರಿನದ್ದು. 20 ಮೀಟರ್ ಎಳೆದರೂ ನಷ್ಟ ಗಣನೆಗೆ ಬರುವುದಿಲ್ಲ. ಆಂಪ್ಲಿಫೈಯರಿನ ಬ್ಯಾಟರಿಯಿಂದಲೇ ಪ್ಲೇಯರಿಗೂ ಯುಎಸ್‌ಬಿ ಕರೆಂಟು ತೆಗೆದರೆ ಸಣ್ಣಗೆ ಕೀಂ ಎನ್ನುವ ಸದ್ದು ಸೇರಿಕೊಳ್ಳುತ್ತದೆ, ಗ್ರೌಂಡ್ ತಂತಿ ಎರಡು ದಾರಿಯಲ್ಲಿ ಸುತ್ತುವುದರಿಂದ. ಪ್ಲೇಯರುಗಳಿಗೆ ಬೇರೆ ಪವರ್‌ಬ್ಯಾಂಕ್ ಕೊಡಿ. ಕೆಲವು ಪವರ್‌ಬ್ಯಾಂಕುಗಳು ಕಡಿಮೆ ಕರೆಂಟು ಎಳೆದರೆ ಅರ್ಧ ನಿಮಿಷಕ್ಕೆ ತಾವೇ ಆಫ್ ಆಗುತ್ತವೆ, ಹಿಂದಿನ ದಿನವೇ ಒಂದು ಗಂಟೆ ಓಡಿಸಿ ನೋಡಿ.

ಸ್ಪೀಕರುಗಳು ಕಣದ ಒಂದು ಅಂಚಿನ ಕಾಫಿ ಗಿಡಗಳೊಳಗೆ, ಮೊಣಕಾಲೆತ್ತರಕ್ಕೆ, ಜನರಿಗೆ ಬೆನ್ನು ಹಾಕಿ ಗಿಡದ ಕಡೆ ಮುಖ ಮಾಡಿರಲಿ. ನೇರವಾಗಿ ಮುಖ ಮಾಡಿದರೆ ಹುಳು ಡಬ್ಬಿಯೊಳಗೆ ಕೂತಂತೆ ಕೇಳುತ್ತದೆ. ಎಲೆಗೆ ತಾಗಿ ಬಂದರೆ ತೋಟದ್ದೇ ಅನಿಸುತ್ತದೆ. ಗಾಡಿಯ ಹಾಡಿಗೆ ಏಳನೆಯ ಸ್ಪೀಕರು ಬೇಕು, ಅದಕ್ಕೊಂದು ಬೇರೆ ಪ್ಲೇಯರು. ಅದನ್ನು ಪಲ್ಪರ್ ಮನೆಯೊಳಗೆ (ಕಾಫಿ ಹಣ್ಣಿನ ಸಿಪ್ಪೆ ತೆಗೆಯುವ ಕಟ್ಟಡ) ಗೋಡೆಗೆ ಮುಖ ಮಾಡಿ ಇಟ್ಟು, ಬಾಗಿಲನ್ನು ಒಂದು ಗೇಣು ತೆರೆದಿಡಿ. ಕಂಪ್ಯೂಟರಿನ ಪ್ರತಿಧ್ವನಿ ಕೊಡದ ದೂರವನ್ನು ಆ ಬಾಗಿಲ ಸಂದಿ ಕೊಡುತ್ತದೆ.

ಸದ್ದಿನ ಮಟ್ಟ: ಮೊದಲ ಸ್ಪೀಕರಿನಿಂದ 2 ಮೀಟರ್ ದೂರ ನಿಂತಾಗ ನಿಜವಾದ ಹುಳು ಯಾವುದು, ಸ್ಪೀಕರಿನದ್ದು ಯಾವುದು ಎಂದು ಹೇಳಲಾಗದಷ್ಟು. ಅದಕ್ಕಿಂತ ಒಂದು ಕೂದಲೆಳೆಯೂ ಹೆಚ್ಚು ಬೇಡ. ರಾತ್ರಿ 10ರ ನಂತರ ತೆರೆದ ಜಾಗದಲ್ಲಿ ಧ್ವನಿವರ್ಧಕಕ್ಕೆ 2000ದ ಶಬ್ದ ನಿಯಮಗಳ ತಡೆ ಇದೆ. ಮಾರ್ಚಿನಲ್ಲಿ 7.15ಕ್ಕೆಲ್ಲ ಕತ್ತಲಾಗುತ್ತದೆ, 7.45ಕ್ಕೆ ಶುರುಮಾಡಿದರೆ 9ರೊಳಗೆ ಎಲ್ಲ ಮುಗಿಯುತ್ತದೆ, ಜನ ಹೊತ್ತು ಮೀರದೆ ಜೀಪು ಹತ್ತಬಹುದು. ಗೂಬೆ, ನತ್ತಿಂಗ (ನೈಟ್‌ಜಾರ್) ಎಂಬ ಇರುಳ ಹಕ್ಕಿಗಳ ಕೂಗನ್ನು ಹೊರಗೆ ನುಡಿಸಬೇಡಿ. ತಮ್ಮ ಜಾಗಕ್ಕೆ ಇನ್ನೊಂದು ಬಂತೆಂದು ಅವು ಕೂತಲ್ಲಿಂದ ಎದ್ದು ಜಗಳಕ್ಕೆ ಬರುತ್ತವೆ.

ಮೆರವಣಿಗೆ ಎದುರಾದರೆ ನೆಲದ ಮೇಲೆ ವೃತ್ತ ಬರೆದು ಅದರೊಳಗೆ ನಿಲ್ಲಬೇಕೆಂದು ಗಲೀಷಿಯಾದವರು ಹೇಳುತ್ತಾರೆ. ಕಣದ ಮೇಲೆ ಸುಣ್ಣದಲ್ಲಿ 5 ಮೀಟರ್ ಅಡ್ಡಗಲದ ವೃತ್ತ ಬರೆದು ಕೇಳುಗರನ್ನು ಅದರೊಳಗೆ ಚಾಪೆಯ ಮೇಲೆ ಕೂರಿಸಿ, 15 ಜನ ಮೀರದಂತೆ. ಕತ್ತಲಲ್ಲಿ ಯಾರೂ ವೈರು ಎಡವುವುದಿಲ್ಲ ಎಂಬ ಲಾಭವೂ ಇದೆ. ಸ್ಪೀಕರಿನ ಸಾಲು ವೃತ್ತದಿಂದ 6 ಮೀಟರ್ ದೂರದಲ್ಲಿರಲಿ.

ಇನ್ನು ಮೇಣ. ಜೇನುಮೇಣಕ್ಕೆ ಕೊಡಗಿನಲ್ಲಿ ಬರವಿಲ್ಲ. ಗಾಳಿ ಬರುವ ದಿಕ್ಕಿಗೆ, ಕಣದಿಂದ 10 ಮೀಟರ್ ಆಚೆ, ಮರಳು ತುಂಬಿದ ತಗಡಿನ ಡಬ್ಬಿಯಲ್ಲಿ ನಾಲ್ಕು ಜೇನುಮೇಣದ ಬತ್ತಿ ಹಚ್ಚಿಡಿ, ಬೆಳಕು ಕಾಣದಂತೆ ಮರೆಮಾಡಿ. ಎರಡನೆಯ ನಡಿಗೆಗೆ ಒಂದು ನಿಮಿಷ ಮೊದಲು ಆರಿಸಿ. ಆರಿದ ಬತ್ತಿಯ ಹೊಗೆಯೇ ಉರಿಯುವ ಬತ್ತಿಗಿಂತ ಹೆಚ್ಚು ವಾಸನೆ ಕೊಡುತ್ತದೆ. ಮಾರ್ಚಿನ ತರಗೆಲೆ ಕಿಡಿಗೆ ಕಾದಿರುತ್ತದೆ, ಸುತ್ತ ಎರಡು ಮೀಟರ್ ಗುಡಿಸಿ, ಒಬ್ಬರು ನೀರಿನ ಕೊಡದ ಜೊತೆ ಅಲ್ಲೇ ಕೂತಿರಬೇಕು.

ಲೈನ್‌ಮನೆಯ ನಾಯಿಗಳು ನಡುವೆ ಬೊಗಳಿದರೆ ಬೊಗಳಲಿ, ಅಟ್ಟಬೇಡಿ. ಕಥೆಯಲ್ಲಿ ಅವಕ್ಕೂ ಪಾಲಿದೆ.

ಫೈಲು ಮುಗಿಯುವಾಗಲೂ ಫೇಡ್ ಬೇಡ. ಎರಡನೆಯ ತೂತಿನ ನಂತರ ಹತ್ತಿರದ ಹುಳುಗಳು ವಾಪಸು ಬರಲಿ, ಆದರೆ ಆರನೆಯ ಸ್ಪೀಕರಿನಲ್ಲಿ ಮಾತ್ರ ಅವು ಬರಬಾರದು. ದೂರದ ಹಾಸೂ ಅಲ್ಲಿ ನಿಂತ ಮೇಲೆ, ಆ ಮೂಲೆಯಲ್ಲಿ ಉಳಿಯುವುದು ಆ ರಾತ್ರಿಯ ನಿಜವಾದ ತೋಟ. ಐದು ನಿಮಿಷ ಹಾಗೇ ಬಿಟ್ಟು, ಉಳಿದ ಸ್ಪೀಕರುಗಳನ್ನು ಆ ತುದಿಯ ಕಡೆಯಿಂದ ಒಂದೊಂದಾಗಿ ಕೈಯಿಂದಲೇ ಆಫ್ ಮಾಡುತ್ತಾ ಬನ್ನಿ.

ಸಾಮಾನು ಎತ್ತುವಾಗ ತಣ್ಣಗಾದ ಸ್ಪೀಕರು, ಬೋರ್ಡುಗಳನ್ನು ಹೊರಗೇ ಪ್ಲಾಸ್ಟಿಕ್ ಚೀಲಕ್ಕೆ ಹಾಕಿ ಬಾಯಿ ಕಟ್ಟಿ, ಆಮೇಲೆ ಮನೆಯೊಳಗೆ ಒಯ್ಯಿರಿ. ಒಲೆಯ ಬೆಚ್ಚಗಿನ ಕೋಣೆಗೆ ಹಾಗೇ ತಂದರೆ ತೇವ ಒಳಗೆ ಹನಿಗಟ್ಟುತ್ತದೆ. ಅಕ್ಟೋಬರಿನಲ್ಲಿ ಮೈಕುಗಳಿಗೂ ಇದೇ ನಿಯಮ. ಮಾರನೆಯ ದಿನ ಸಿಲಿಕಾ ಜೆಲ್ ಹಾಕಿದ ಡಬ್ಬಿಯಲ್ಲಿ ಮುಚ್ಚಿಡಿ. ಜೆಲ್ಲಿನ ಬಣ್ಣ ತಿರುಗಿದ್ದರೆ ಬಾಣಲೆಯಲ್ಲಿ ಸಣ್ಣ ಉರಿಯ ಮೇಲೆ ಒಣಗಿಸಿ ಮತ್ತೆ ಬಳಸಬಹುದು; ಅಡಿಗೆಯ ಬಾಣಲೆ ಮಾತ್ರ ಬೇಡ.